ಜರ್ಮನ್ ಸಿನಿಮಾದ ಪೀಟರ್ ಪ್ಷಿಗೊಡ್ಡಾ ಅವರ ವೃತ್ತಿಜೀವನದಲ್ಲಿ ಚಿತ್ರಸಂಕಲನ ಮುಖ್ಯವೇ, ನಿರ್ದೇಶನ ಮುಖ್ಯವೇ?

ನಿಸ್ಸಂದೇಹವಾಗಿ ಸಂಕಲನವೇ. ಬರ್ಲಿನ್‌ನಲ್ಲಿ 1941ರಲ್ಲಿ ಹುಟ್ಟಿದ ಪ್ಷಿಗೊಡ್ಡಾ, ಜರ್ಮನ್ ನಿರ್ದೇಶಕ ವಿಮ್ ವೆಂಡರ್ಸ್ ಅವರ 1970ರ ಮೊದಲ ಕಥಾಚಿತ್ರದಿಂದಲೇ ಅವರ ಸಂಕಲನಕಾರರಾಗಿ, 2008ರ 'ಪಲೆರ್ಮೊ ಶೂಟಿಂಗ್'ವರೆಗೂ ಅವರ ಹೆಚ್ಚಿನ ಮುಖ್ಯ ಚಿತ್ರಗಳನ್ನು ಸಂಕಲಿಸಿದರು. ಫೋಲ್ಕರ್ ಶ್ಲೋಂಡಾರ್ಫ್ ಅವರಂಥ ಇತರ ನಿರ್ದೇಶಕರೊಂದಿಗೂ ದುಡಿದರು. 1979ರಲ್ಲಿ 'ಆಲ್ಸ್ ಡೀಸೆಲ್ ಗೆಬೋರೆನ್' ಎಂಬ ಸಾಕ್ಷ್ಯಚಿತ್ರವನ್ನು ನಿರ್ದೇಶಿಸಿದರೂ ಅವರ ಹೆಸರು ಉಳಿದಿರುವುದು ಸಂಕಲನದ ಮೇಜಿನಿಂದಲೇ.

ಅವರ ಕೈಚಳಕವನ್ನು ಕಾಣಬೇಕಾದರೆ, ಕಾನ್ ಚಿತ್ರೋತ್ಸವದಲ್ಲಿ 1984ರ ಅತ್ಯುನ್ನತ ಪ್ರಶಸ್ತಿ ಪಡೆದ, ವೆಂಡರ್ಸ್ ಅವರ 'ಪ್ಯಾರಿಸ್, ಟೆಕ್ಸಾಸ್' ಚಿತ್ರದಲ್ಲಿ, ಅವಳಿಗೆ ಅವನು ಕಾಣದಂಥ ಗಾಜಿನ ಎರಡು ಬದಿಗಳಲ್ಲಿ ಕುಳಿತ, ಬೇರೆಯಾಗಿದ್ದ ದಂಪತಿ ಟ್ರಾವಿಸ್ ಮತ್ತು ಜೇನ್ ಫೋನಿನಲ್ಲಿ ಮಾತಾಡುವ ದೀರ್ಘ ದೃಶ್ಯವನ್ನು ನೋಡಬೇಕು. ಮಾತು ಅವನದ್ದಾದರೂ, ಅದನ್ನು ಕೇಳುತ್ತಾ ಗುರುತು ಹಿಡಿಯುವ ಅವಳ ಮುಖದ ಮೇಲೆ ಚಿತ್ರಿಕೆ ಆತುರಪಡದೆ ನಿಲ್ಲುತ್ತದೆ. ಕತ್ತರಿಸದೇ ಇರುವುದೂ ಸಂಕಲನಕಾರನ ನಿರ್ಧಾರವೇ ತಾನೆ!

ವೆಂಡರ್ಸ್–ಪ್ಷಿಗೊಡ್ಡಾ ಜೋಡಿಯಲ್ಲಿ ಭಿನ್ನಾಭಿಪ್ರಾಯವೂ ಇತ್ತು. ನಿರ್ದೇಶಕ ನಿಕೋಲಸ್ ರೇ ಅವರ ಕೊನೆಯ ದಿನಗಳನ್ನು ಕುರಿತ 'ಲೈಟ್ನಿಂಗ್ ಓವರ್ ವಾಟರ್' ಚಿತ್ರದ ಪ್ಷಿಗೊಡ್ಡಾ ಆವೃತ್ತಿ 1980ರಲ್ಲಿ ಕಾನ್‌ನಲ್ಲಿ ಪ್ರದರ್ಶನಗೊಂಡ ಮೇಲೆ, ವೆಂಡರ್ಸ್ ಅದನ್ನು ತಾವೇ ಮತ್ತೆ ಸಂಕಲಿಸಿದರು. ಆದರೂ 1987ರ 'ವಿಂಗ್ಸ್ ಆಫ್ ಡಿಸೈರ್' ಇದೇ ಜೋಡಿಯ ಕೆಲಸ. ಪ್ಷಿಗೊಡ್ಡಾ 2011ರಲ್ಲಿ ತೀರಿಕೊಂಡರು.