ಓದುಗರ ಪ್ರಶ್ನೆ: ಇಸಿಜಿಯ ಕೊನೆಯ ದಿಬ್ಬ ಏನು ಹೇಳುತ್ತದೆ?

ಪ್ರಶ್ನೆ: ನಮ್ಮ ತಂದೆಯವರಿಗೆ 62 ವರ್ಷ, ಹತ್ತು ವರ್ಷಗಳಿಂದ ಬಿ.ಪಿ. ಮಾತ್ರೆ ತೆಗೆದುಕೊಳ್ಳುತ್ತಿದ್ದಾರೆ. ಕಣ್ಣಿನ ಪೊರೆಯ ಆಪರೇಷನ್ನಿಗೆ ಮುಂಚೆ ತೆಗೆಸಿದ ಇಸಿಜಿಯ ಮೇಲೆ ಯಂತ್ರವೇ ‘ರೀಪೋಲರೈಸೇಷನ್ ಅಬ್‌ನಾರ್ಮಾಲಿಟಿ’ ಎಂದು ಅಚ್ಚು ಹಾಕಿತ್ತು. ವೈದ್ಯರು ಗಾಬರಿ ಬೇಡ, ಒಂದು ಎಕೋ ಮಾಡಿಸಿ ಎಂದರು. ಡಿಪೋಲರೈಸೇಷನ್, ರೀಪೋಲರೈಸೇಷನ್ ಎಂದರೆ ಹೃದಯ ಕುಗ್ಗುವುದು, ಹಿಗ್ಗುವುದು ಎಂದೇ? ಅಷ್ಟಕ್ಕೂ ಹೃದಯಕ್ಕೆ ಕರೆಂಟು ಎಲ್ಲಿಂದ ಬರುತ್ತದೆ?
– ಓದುಗರೊಬ್ಬರು, ಶಿರಸಿ

ಉತ್ತರ: ಕುಗ್ಗುವುದು, ಹಿಗ್ಗುವುದು ಸ್ನಾಯುವಿನ ಕೆಲಸ, ನೀವು ಕೇಳಿರುವ ಎರಡೂ ಪದಗಳು ಅದರ ಹಿಂದೆ ನಡೆಯುವ ವಿದ್ಯುತ್ತಿನ ವ್ಯಾಪಾರಕ್ಕೆ ಸಂಬಂಧಿಸಿದವು. ಇಸಿಜಿ ಅಳೆಯುವುದು ಈ ವಿದ್ಯುತ್ತನ್ನು ಮಾತ್ರ. ಸ್ನಾಯು ಎಷ್ಟು ಬಲವಾಗಿ ಕುಗ್ಗಿತು ಎಂಬುದನ್ನು ತಿಳಿಯಲು ಎಕೋ, ಅಂದರೆ ಹೃದಯದ ಅಲ್ಟ್ರಾಸೌಂಡ್ ಪರೀಕ್ಷೆ, ಬೇಕು.

ಹೃದಯದ ಪ್ರತಿಯೊಂದು ಜೀವಕೋಶದ ಸುತ್ತ ತೆಳುವಾದ ಪೊರೆಯಿದೆ (ಕಣ್ಣಿನ ಪೊರೆಗೂ ಇದಕ್ಕೂ ಹೆಸರಿನ ನಂಟು ಮಾತ್ರ). ಹೊರಗಿನ ದ್ರವದಲ್ಲಿ ಸೋಡಿಯಂ ಹೆಚ್ಚು, ಕೋಶದೊಳಗೆ ಪೊಟ್ಯಾಸಿಯಂ ಹೆಚ್ಚು. ಪೊರೆಯಲ್ಲಿರುವ ಪಂಪುಗಳು ಮೂರು ಸೋಡಿಯಂ ಅಯಾನುಗಳನ್ನು (ವಿದ್ಯುದಂಶ ಹೊತ್ತ ಕಣಗಳನ್ನು) ಹೊರಗೆ ತಳ್ಳಿ, ಎರಡು ಪೊಟ್ಯಾಸಿಯಂ ಅಯಾನುಗಳನ್ನು ಒಳಗೆ ಎಳೆದುಕೊಳ್ಳುತ್ತ ಹಗಲಿರುಳೂ ಈ ವ್ಯತ್ಯಾಸವನ್ನು ಕಾಯುತ್ತವೆ. ಬಡಿತಗಳ ನಡುವೆ ಪೊಟ್ಯಾಸಿಯಂನ ಕೆಲವು ಕಿಂಡಿಗಳು ಮಾತ್ರ ತೆರೆದಿರುವುದರಿಂದ ಧನ ವಿದ್ಯುದಂಶ ಸ್ವಲ್ಪ ಹೊರಗೆ ಸೋರಿ, ಹೃತ್ಕುಕ್ಷಿಯ (ಹೃದಯದ ಕೆಳಗಿನ ಕೋಣೆಯ) ಕೋಶದ ಒಳಭಾಗವು ಹೊರಗಿಗಿಂತ ಸುಮಾರು 90 ಮಿಲಿವೋಲ್ಟಿನಷ್ಟು ಋಣವಾಗಿರುತ್ತದೆ. ಟಾರ್ಚಿನ ಒಂದು ಶೆಲ್ಲಿನ ಒಂದೂವರೆ ವೋಲ್ಟಿಗೆ ಹೋಲಿಸಿದರೆ ಇದು ಹದಿನೇಳರಲ್ಲಿ ಒಂದು ಪಾಲು ಮಾತ್ರ, ಆದರೆ ನಿಮ್ಮ ಪ್ರಶ್ನೆಯ ‘ಕರೆಂಟು’ ಇದೇ.

ಬಡಿತಕ್ಕೆ ಚಾಲನೆ ಕೊಡುವುದು ಬಲ ಹೃತ್ಕರ್ಣದ (ಹೃದಯದ ಮೇಲಿನ ಕೋಣೆಯ) ಮೇಲ್ಭಾಗದಲ್ಲಿರುವ ಕೋಶಗಳ ಪುಟ್ಟ ಗುಂಪು, ಎಸ್‌.ಎ. ನೋಡ್. ಅದರ ಕೋಶಗಳು ಯಾರ ಅಪ್ಪಣೆಗೂ ಕಾಯದೆ ತಾವಾಗಿಯೇ ಮತ್ತೆ ಮತ್ತೆ ಮಿಡಿಯುತ್ತವೆ. ಅಲ್ಲಿಂದ ಹೊರಟ ಅಲೆ ಹೃತ್ಕರ್ಣಗಳನ್ನು ದಾಟಿ, ಅವುಗಳಿಗೂ ಹೃತ್ಕುಕ್ಷಿಗಳಿಗೂ ನಡುವಿನ ಎ.ವಿ. ನೋಡ್‌ನಲ್ಲಿ ಸೆಕೆಂಡಿನ ಹತ್ತನೇ ಒಂದು ಭಾಗದಷ್ಟು ತಡೆದು, ಹೃತ್ಕುಕ್ಷಿಗಳಿಗೆ ಇಳಿಯುತ್ತದೆ. ಅಲೆ ಮುಟ್ಟಿದ ಕೂಡಲೇ ಕೋಶದ ಸೋಡಿಯಂ ಕಿಂಡಿಗಳು ತೆರೆದುಕೊಳ್ಳುತ್ತವೆ. ಸೋಡಿಯಂ ಒಳನುಗ್ಗಿ, ಒಂದೆರಡು ಮಿಲಿಸೆಕೆಂಡಿನಲ್ಲಿ ಒಳಭಾಗ ಋಣದಿಂದ ಧನಕ್ಕೆ ತಿರುಗುತ್ತದೆ. ಡಿಪೋಲರೈಸೇಷನ್ ಎಂದರೆ ಇಷ್ಟೇ.

ಹೃದಯದ ವೈಶಿಷ್ಟ್ಯವಿರುವುದು ಇದಾದ ಮೇಲೆ. ನರದ ಕೋಶವಾದರೆ ಒಂದೆರಡು ಮಿಲಿಸೆಕೆಂಡಿನಲ್ಲಿ ಮೊದಲಿನ ಸ್ಥಿತಿಗೆ ಮರಳಿಬಿಡುತ್ತದೆ. ಹೃತ್ಕುಕ್ಷಿಯ ಕೋಶವಾದರೋ 200ರಿಂದ 300 ಮಿಲಿಸೆಕೆಂಡುಗಳ ಕಾಲ ಮರಳುವುದಿಲ್ಲ. ಒಳಬರುವ ಕ್ಯಾಲ್ಸಿಯಂ ಮತ್ತು ಹೊರಹೋಗುವ ಪೊಟ್ಯಾಸಿಯಂ ಹೆಚ್ಚುಕಡಿಮೆ ಸಮತೂಗಿಕೊಂಡು ವೋಲ್ಟೇಜನ್ನು ಮೇಲೆಯೇ ಹಿಡಿದಿಡುತ್ತವೆ. ಸ್ನಾಯುವಿನ ಎಳೆಗಳು ಎಳೆದುಕೊಳ್ಳಲು ಬೇಕಾದ ಪ್ರಚೋದನೆ ಈ ಕ್ಯಾಲ್ಸಿಯಂನಿಂದಲೇ ಬರುತ್ತದೆ. ಈ ಅವಧಿಯಲ್ಲಿ ಕೋಶ ಹೊಸ ಅಲೆಗೆ ಓಗೊಡದ ಕಾರಣ, ಕಾಲಿನ ಮೀನಖಂಡ ಹಿಡಿದುಕೊಂಡಂತೆ ಹೃದಯ ಹಿಡಿದುಕೊಳ್ಳುವ ಭಯವಿಲ್ಲ. ಕೊನೆಗೆ ಕ್ಯಾಲ್ಸಿಯಂ ಕಿಂಡಿಗಳು ಮುಚ್ಚಿ, ಪೊಟ್ಯಾಸಿಯಂ ಹೊರಹರಿದು, ಒಳಭಾಗ ಪುನಃ ಋಣವಾಗುತ್ತದೆ. ಇದು ರೀಪೋಲರೈಸೇಷನ್.

ತಂದೆಯವರ ಇಸಿಜಿ ಕಾಗದ ಕೈಯಲ್ಲಿದ್ದರೆ ಒಮ್ಮೆ ನೋಡಿ. ಮೊದಲ ಚಿಕ್ಕ ಉಬ್ಬು, ಅಂದರೆ ಪಿ, ಹೃತ್ಕರ್ಣಗಳ ಡಿಪೋಲರೈಸೇಷನ್. ಚೂಪಾದ ಕ್ಯೂಆರ್‌ಎಸ್ ಹೃತ್ಕುಕ್ಷಿಗಳದ್ದು. ಆಮೇಲೆ ಬರುವ ಅಗಲವಾದ ದಿಬ್ಬ ಟಿ, ಹೃತ್ಕುಕ್ಷಿಗಳ ರೀಪೋಲರೈಸೇಷನ್. ಹೃತ್ಕರ್ಣಗಳ ರೀಪೋಲರೈಸೇಷನ್ ಕ್ಯೂಆರ್‌ಎಸ್‌ನ ಅಡಿಯಲ್ಲಿ ಮುಚ್ಚಿಹೋಗುವುದರಿಂದ ಕಾಣಸಿಗದು. ರೋಗಿಯ ಕೈಕಾಲುಗಳನ್ನು ಉಪ್ಪುನೀರಿನ ಪಾತ್ರೆಗಳಲ್ಲಿ ಅದ್ದಿಸಿ ಇಸಿಜಿ ತೆಗೆಯುತ್ತಿದ್ದ ನೆದರ್‌ಲೆಂಡ್ಸಿನ ವಿಲ್ಲೆಮ್ ಐಂಥೋವನ್ ಬಳಸಿದ ಅಕ್ಷರಗಳಿವು. ಅವರಿಗೆ 1924ರಲ್ಲಿ ನೊಬೆಲ್ ಬಂತು.

ಇಲ್ಲಿ ಒಂದು ಒಗಟಿದೆ. ರೀಪೋಲರೈಸೇಷನ್ ಉಲ್ಟಾ ಕ್ರಿಯೆಯಾದರೆ ಟಿ ಅಲೆ ಕೆಳಮುಖವಾಗಿರಬೇಕಲ್ಲವೇ? ಡಿಪೋಲರೈಸೇಷನ್ ಹೃತ್ಕುಕ್ಷಿಯ ಗೋಡೆಯ ಒಳಪದರದಿಂದ ಹೊರಪದರಕ್ಕೆ ಸಾಗುತ್ತದೆ. ಆದರೆ ಪಂಕ್ತಿಯಲ್ಲಿ ಕೊನೆಗೆ ಕುಳಿತವರು ಎಲ್ಲರಿಗಿಂತ ಮೊದಲು ಊಟ ಮುಗಿಸಿ ಕೈತೊಳೆಯಲು ಎದ್ದ ಹಾಗೆ, ಕೊನೆಗೆ ಎಚ್ಚೆತ್ತ ಹೊರಪದರದ ಕೋಶಗಳೇ ಮೊದಲು ಮರಳುತ್ತವೆ. ಕ್ರಿಯೆಯೂ ಉಲ್ಟಾ, ದಿಕ್ಕೂ ಉಲ್ಟಾ. ಹಾಗಾಗಿ ಹೆಚ್ಚಿನ ಲೀಡುಗಳಲ್ಲಿ (ಇಸಿಜಿ ಹೃದಯವನ್ನು ನೋಡುವ ಬೇರೆ ಬೇರೆ ಕೋನಗಳಲ್ಲಿ) ದಿಬ್ಬ ಮೇಲ್ಮುಖವಾಗಿಯೇ ಮೂಡುತ್ತದೆ.

ಈ ಕ್ರಮ ಬಲು ನಾಜೂಕಿನದು. ರಕ್ತದೊತ್ತಡದಿಂದ ಗೋಡೆ ದಪ್ಪಗಾದರೂ, ರಕ್ತಪೂರೈಕೆ ಕುಂದಿದರೂ, ರಕ್ತದ ಪೊಟ್ಯಾಸಿಯಂ ಏರುಪೇರಾದರೂ ಟಿ ಅಲೆ ಬದಲಾಗುತ್ತದೆ. ಆದ್ದರಿಂದ ಯಂತ್ರ ಅಚ್ಚುಹಾಕಿದ ಆ ಎರಡು ಪದ ರೋಗದ ಹೆಸರಲ್ಲ, ಕಾರಣ ಹುಡುಕಿ ಎಂಬ ಸೂಚನೆ ಅಷ್ಟೇ. ಹಳೆಯ ಬಿ.ಪಿ. ಇರುವವರಲ್ಲಿ ಗೋಡೆಯ ದಪ್ಪವನ್ನು ಎಕೋದಲ್ಲಿ ನೋಡಬೇಕೆಂಬ ನಿಮ್ಮ ವೈದ್ಯರ ಸಲಹೆ ಸರಿಯಾಗಿಯೇ ಇದೆ. ಹಳೆಯ ಇಸಿಜಿ ಇದ್ದರೆ ಜೊತೆಗೆ ಒಯ್ಯಿರಿ, ಹೋಲಿಸಿ ನೋಡಲು ಅದಕ್ಕಿಂತ ಒಳ್ಳೆಯದು ಇನ್ನೊಂದಿಲ್ಲ. ಎರಿಥ್ರೊಮೈಸಿನ್‌ನಂತಹ ಕೆಲವು ಔಷಧಗಳು ಪೊಟ್ಯಾಸಿಯಂ ಕಿಂಡಿಗಳನ್ನು ತಡೆದು ರೀಪೋಲರೈಸೇಷನ್ನನ್ನು ನಿಧಾನಗೊಳಿಸುವುದರಿಂದ, ತಂದೆಯವರು ಸೇವಿಸುವ ಎಲ್ಲ ಮಾತ್ರೆಗಳ ಪಟ್ಟಿಯನ್ನೂ ತೋರಿಸಿ.

ಪ್ರಶ್ನೆ: ಡಯಾಲಿಸಿಸ್‌ನಲ್ಲಿರುವ ನಮ್ಮ ಅಣ್ಣನಿಗೆ ಎಳನೀರು ಕೊಡಲೇಬಾರದು ಎನ್ನುತ್ತಾರೆ. ಅಷ್ಟು ತಂಪಾದ ಪಾನೀಯ ಹೃದಯಕ್ಕೆ ಏನು ಮಾಡೀತು?
– ಓದುಗರೊಬ್ಬರು, ತಿಪಟೂರು

ಉತ್ತರ: ಎಳನೀರಿನಲ್ಲಿ ಪೊಟ್ಯಾಸಿಯಂ ಧಾರಾಳವಾಗಿದೆ, ಅದನ್ನು ಹೊರಹಾಕಬೇಕಾದ ಮೂತ್ರಪಿಂಡ ಸೋತಿದೆ. ಕೋಶದ ಹೊರಗೆ ಪೊಟ್ಯಾಸಿಯಂ ಏರಿದಂತೆ ಮೇಲೆ ಹೇಳಿದ 90 ಮಿಲಿವೋಲ್ಟಿನ ಅಂತರ ಕುಗ್ಗಿ, ಸೋಡಿಯಂ ಕಿಂಡಿಗಳಲ್ಲಿ ಹಲವು ತೆರೆಯಲಾರದೆ ಉಳಿಯುತ್ತವೆ. ಇಸಿಜಿಯಲ್ಲಿ ಟಿ ಅಲೆ ಡೇರೆಯಂತೆ ಚೂಪಾಗಿ ಏಳಬಹುದು, ಕ್ಯೂಆರ್‌ಎಸ್ ಅಗಲವಾಗಬಹುದು, ಕೆಲವೊಮ್ಮೆ ಯಾವ ಮುನ್ಸೂಚನೆಯೂ ಇಲ್ಲದೆ ಹೃದಯ ನಿಲ್ಲಲೂಬಹುದು. ಇಂತಹ ತುರ್ತಿನಲ್ಲಿ ರಕ್ತನಾಳಕ್ಕೆ ಮೊದಲು ಕೊಡುವ ಕ್ಯಾಲ್ಸಿಯಂ ಚುಚ್ಚುಮದ್ದು ಪೊಟ್ಯಾಸಿಯಂ ಅನ್ನು ಒಂದಿಷ್ಟೂ ಇಳಿಸುವುದಿಲ್ಲ. ಅದನ್ನು ಇಳಿಸುವ ಚಿಕಿತ್ಸೆ ಕೆಲಸಕ್ಕೆ ಬರುವವರೆಗೆ ಹೃದಯದ ಕೋಶಗಳನ್ನು ಕಾಯುತ್ತದೆ, ಅಷ್ಟೇ.