ಓದುಗರ ಪ್ರಶ್ನೆ: ಗೋಡೆಯ ಫೋಟೊ ನೋಡಿ ಸಂಘ ಸೇರಿ

ಪ್ರಶ್ನೆ: ಮಗಳು ಆಗಸ್ಟ್‌ನಲ್ಲಿ ಅಮೆರಿಕದ ಅಲಬಾಮಾಗೆ ಡಿಗ್ರಿ ಓದಲು ಹೊರಟಿದ್ದಾಳೆ. ಅಲ್ಲಿ ‘ಸೊರೊರಿಟಿ’ ಸೇರಿದರೆ ಗೆಳತಿಯರ ಜೊತೆಗೆ ಇರಲು ಮನೆಯೂ ಸಿಗುತ್ತದಂತೆ. ಮೈಬಣ್ಣ ನೋಡಿ ಸೇರಿಸಿಕೊಳ್ಳುತ್ತಾರೆ ಅಂತಲೂ ಕೇಳಿದ್ದೇವೆ. ಸೇರಬಹುದೇ?
– ಓದುಗರೊಬ್ಬರು, ಕುವೆಂಪುನಗರ, ಮೈಸೂರು

ಉತ್ತರ: ಸೇರಬಹುದು, ಆದರೆ ವಿಚಾರಿಸಿ ಸೇರಲಿ. ಸೊರೊರಿಟಿ ಹುಡುಗಿಯರ ಸಂಘ, ಫ್ರೆಟರ್ನಿಟಿ ಹುಡುಗರದು. ನಮ್ಮ ಹಾಸ್ಟೆಲ್ ಥರ ಅರ್ಜಿ ಹಾಕಿದರೆ ಮೆರಿಟ್ ಮೇಲೆ ಸೀಟು ಸಿಗುವ ಜಾಗವಲ್ಲ. ಕೆಲವು ದಿನ ಒಂದೊಂದೇ ಸಂಘದ ಮನೆಗೆ ಹೋಗಿ ಮಾತಾಡಬೇಕು. ಪ್ರತಿ ಸುತ್ತು ಮುಗಿದ ಮೇಲೆ ಸದಸ್ಯೆಯರು ಒಳಗೊಳಗೇ ಓಟು ಹಾಕುತ್ತಾರೆ. ಬೇಡ ಅಂದವರು ಕಾರಣ ಬರೆದುಕೊಡುವುದಿಲ್ಲ. ಭೇದಭಾವ ನುಸುಳುವುದೇ ಅಲ್ಲಿ. ಕೆಲವು ಸಂಘಗಳಲ್ಲಿ ಹಳೇ ಸದಸ್ಯೆಯರ ಶಿಫಾರಸು ಪತ್ರಕ್ಕೂ ಬೆಲೆ ಇರುತ್ತದೆ. ಮೈಸೂರಿನಿಂದ ಹೋದ ಹುಡುಗಿ ಅದನ್ನು ಎಲ್ಲಿಂದ ತರಬೇಕು?

ಅಲಬಾಮಾ ವಿಶ್ವವಿದ್ಯಾಲಯದಲ್ಲೇ 2013ರಲ್ಲಿ, ಒಳ್ಳೆಯ ಅಂಕ ಪಡೆದಿದ್ದ ಕಪ್ಪು ಹುಡುಗಿಗೆ ಹಳೇ ಸದಸ್ಯೆಯರೇ ಅಡ್ಡ ನಿಂತ ಸಂಗತಿಯನ್ನು ವಿದ್ಯಾರ್ಥಿಗಳ ಪತ್ರಿಕೆ ‘ದಿ ಕ್ರಿಮ್ಸನ್ ವೈಟ್’ ಬಯಲಿಗೆಳೆಯಿತು. ವಿಶ್ವವಿದ್ಯಾಲಯ ಮತ್ತೆ ಸೇರ್ಪಡೆ ತೆರೆಸಿದ ಮೇಲೆ ಹಲವು ಕಪ್ಪು ಹುಡುಗಿಯರಿಗೆ ಆಹ್ವಾನ ಬಂತು. 2015ರಲ್ಲಿ ಒಕ್ಲಹೋಮಾದಲ್ಲಿ ಫ್ರೆಟರ್ನಿಟಿ ಹುಡುಗರು ಬಸ್ಸಿನಲ್ಲಿ ಕಪ್ಪು ಜನರನ್ನು ಹೀಯಾಳಿಸಿ ಹಾಡಿದ ವಿಡಿಯೊ ಹೊರಬಂದು, ಆ ಘಟಕವೇ ಮುಚ್ಚಿತು.

ಮಗಳು ಮನೆ ನೋಡಲು ಹೋದಾಗ ಅಲಂಕಾರ ನೋಡಿ ಮರುಳಾಗುವುದು ಬೇಡ, ಗೋಡೆ ನೋಡಲಿ. ಆಯಾ ವರ್ಷದ ಸದಸ್ಯೆಯರೆಲ್ಲರ ಪಾಸ್‌ಪೋರ್ಟ್ ಗಾತ್ರದ ಮುಖಗಳನ್ನು ಸಾಲಾಗಿ ಜೋಡಿಸಿದ ದೊಡ್ಡ ಫ್ರೇಮುಗಳು ಅಲ್ಲಿ ತೂಗುಹಾಕಿರುತ್ತವೆ. ಕಂದು, ಕಪ್ಪು ಮುಖಗಳು ಈ ವರ್ಷ ಒಂದೇ ಒಂದು ಇದ್ದು, ಹಿಂದಿನ ನಾಲ್ಕು ಫ್ರೇಮಿನಲ್ಲಿ ಇಲ್ಲವೇ ಇಲ್ಲವೆಂದರೆ ಅನುಮಾನ ಬರಬೇಕು. ಆ ಹುಡುಗಿಯರು ಅಧ್ಯಕ್ಷೆ, ಖಜಾಂಚಿ ಆಗಿದ್ದಾರೋ ಕೇಳಲಿ. ಸೇರ್ಪಡೆ ಶುಲ್ಕ, ಊಟ, ಕಟ್ಟಡ ನಿಧಿ, ದಂಡ ಎಲ್ಲ ಸೇರಿ ವರ್ಷಕ್ಕೆಷ್ಟು ಅನ್ನುವುದನ್ನು ಬರಹದಲ್ಲೇ ಪಡೆಯಲಿ. ಮೊದಲ ತಿಂಗಳ ಲೆಕ್ಕ ನೋಡಿ ಹೂಂ ಅಂದವರೇ ಆಮೇಲೆ ಒದ್ದಾಡುವುದು.

ಬೇರೆ ದಾರಿಯೂ ಇದೆ. ಹೀಗೆ ಹೊರಗೆ ಉಳಿದವರು ತಮ್ಮದೇ ಸಂಘ ಕಟ್ಟಿಕೊಂಡರು: 1906ರಲ್ಲಿ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ಕಪ್ಪು ಹುಡುಗರ ಆಲ್ಫಾ ಫೈ ಆಲ್ಫಾ, 1908ರಲ್ಲಿ ಹೋವರ್ಡ್ ವಿಶ್ವವಿದ್ಯಾಲಯದಲ್ಲಿ ಹುಡುಗಿಯರ ಆಲ್ಫಾ ಕಪ್ಪಾ ಆಲ್ಫಾ. ದಕ್ಷಿಣ ಏಷ್ಯಾದ ಹುಡುಗಿಯರ ಡೆಲ್ಟಾ ಫೈ ಒಮೇಗಾ 1998ರಲ್ಲಿ ಹ್ಯೂಸ್ಟನ್‌ನಲ್ಲಿ ಶುರುವಾಯಿತು. ಇಂಥವುಗಳ ಸೇರ್ಪಡೆ ಬೇರೆಯಾಗಿ ನಡೆಯುತ್ತದೆ, ದಿನಾಂಕ ಕೇಳಿಟ್ಟುಕೊಳ್ಳಲಿ.

ಯಾರಾದರೂ ಬಣ್ಣ ಎತ್ತಿ ಆಡಿದರೆ ಮೆಸೇಜು ಅಳಿಸಬಾರದು. ದಿನಾಂಕ ಕಾಣುವ ಹಾಗೆ ಸ್ಕ್ರೀನ್‌ಶಾಟ್ ತೆಗೆದು ವಿಶ್ವವಿದ್ಯಾಲಯಕ್ಕೆ ದೂರು ಕೊಡಲಿ. ಅಲ್ಲಿನ ಶಿಕ್ಷಣ ಇಲಾಖೆಯ ನಾಗರಿಕ ಹಕ್ಕು ಕಚೇರಿಗೆ ಹೋಗುವುದಾದರೆ ಗಡುವು ಘಟನೆ ನಡೆದ ದಿನದಿಂದ 180 ದಿನ.

ಪ್ರಶ್ನೆ: ನಮ್ಮ ಹಾಸ್ಟೆಲಿನಲ್ಲಿ ಸೀನಿಯರ್‌ಗಳು ಜಾತಿ ಕೇಳಿ ಹಂಗಿಸುತ್ತಾರೆ. ಇದು ರ್‍ಯಾಗಿಂಗ್ ಆಗುತ್ತದೆಯೇ?
– ವಿದ್ಯಾರ್ಥಿ, ಮಂಡ್ಯ

ಉತ್ತರ: ಖಂಡಿತ ಆಗುತ್ತದೆ. ಯುಜಿಸಿಯ 2009ರ ನಿಯಮಕ್ಕೆ 2016ರಲ್ಲಿ ಆದ ತಿದ್ದುಪಡಿ ಜಾತಿ, ಬಣ್ಣ, ಧರ್ಮ, ಭಾಷೆ, ಹುಟ್ಟೂರು ಹಿಡಿದು ಹಂಗಿಸುವುದನ್ನೂ ರ್‍ಯಾಗಿಂಗ್ ಎನ್ನುತ್ತದೆ. ಯಾವ ದಿನ, ಎಷ್ಟು ಹೊತ್ತಿಗೆ, ಯಾವ ರೂಮಿನಲ್ಲಿ, ಏನಂದರು ಅನ್ನುವುದನ್ನು ಅವತ್ತೇ ಬರೆದಿಡಿ. ವಾರ್ಡನ್‌ಗೆ ಬಾಯಲ್ಲಿ ಹೇಳಿ ಬಂದರೆ ಸಾಲದು; ಲಿಖಿತ ದೂರು ಕೊಟ್ಟು ಸ್ವೀಕೃತಿ ಹಾಕಿಸಿಕೊಳ್ಳಿ. ಸಹಾಯವಾಣಿ 1800-180-5522, ಹಗಲು ರಾತ್ರಿ ಇರುತ್ತದೆ. ಅಲ್ಲಿ ದೂರಿನ ಸಂಖ್ಯೆ ಕೇಳಿ ಬರೆದುಕೊಳ್ಳಿ.