ಸಾಲ್ಮೊನೆಲ್ಲಾ ಅಂದರೆ ಏನು? ಸಾಲ್ಮನ್ ಮೀನಿಗೂ ಅದಕ್ಕೂ ಸಂಬಂಧ ಇದೆಯಾ?

ನೀವು ಕೇಳಿರುವುದು ಒಂದಲ್ಲ, ಮೂರು ಪ್ರಶ್ನೆ. ಅಮ್ಮನ ಬ್ಲಡ್ ಕಲ್ಚರ್ (ರಕ್ತದಲ್ಲಿರುವ ಕ್ರಿಮಿಯನ್ನು ಬೆಳೆಸಿ ನೋಡುವ ಪರೀಕ್ಷೆ) ರಿಪೋರ್ಟ್‌ನಲ್ಲಿ ‘ಸಾಲ್ಮೊನೆಲ್ಲಾ ಎಂಟರಿಕಾ ಸೆರೋವಾರ್ ಟೈಫಿ’ ಎಂದಿದೆ, ವಿಡಾಲ್ (ಟೈಫಾಯ್ಡ್‌ಗೆ ಮಾಡುವ ಇನ್ನೊಂದು ರಕ್ತಪರೀಕ್ಷೆ) ರಿಪೋರ್ಟ್‌ನಲ್ಲಿ ‘ಎಸ್. ಟೈಫಿ’ ಎಂದಿದೆ, ಎರಡೂ ಒಂದೇನಾ? ನೆಟ್‌ನಲ್ಲಿ ಸಾಲ್ಮೊನೆಲ್ಲಾ ಅಂತ ಹುಡುಕಿದರೆ ಮೊಟ್ಟೆ, ಕೋಳಿ, ಫುಡ್ ಪಾಯ್ಸನಿಂಗ್ ಅಂತಲೇ ಬರುತ್ತಿದೆ, ಹಾಗಾದರೆ ಇದು ಟೈಫಾಯ್ಡ್ ಅಲ್ವಾ? ಕೊನೆಗೆ, ಆ ಮೀನಿನ ಸಂಗತಿ.

ಮೊದಲು ಚಿಕ್ಕ ಉತ್ತರ ಕೊಟ್ಟುಬಿಡುತ್ತೇನೆ. ಎರಡು ರಿಪೋರ್ಟ್‌ನಲ್ಲೂ ಇರುವುದು ಒಂದೇ ಕ್ರಿಮಿಯ ಹೆಸರು. ಅದು ಟೈಫಾಯ್ಡ್‌ನದೇ. ಮೀನಿಗೂ ಅದಕ್ಕೂ ಯಾವ ಸಂಬಂಧವೂ ಇಲ್ಲ. ಪುರುಸೊತ್ತಿದ್ದರೆ ಮುಂದೆ ಓದಿ.

ನಾನು ಬಹಳ ವರ್ಷ ಆಸ್ಪತ್ರೆಯ ಮೈಕ್ರೋಬಯಾಲಜಿ ಲ್ಯಾಬ್‌ನಲ್ಲಿ ಕೆಲಸ ಮಾಡಿದವನು. ಒಮ್ಮೆ ಒಬ್ಬ ಹಿರಿಯರು ಮಗನ ರಿಪೋರ್ಟ್ ಹಿಡಿದುಕೊಂಡು ಕಿಟಕಿಯ ಹತ್ತಿರ ಬಂದು ಜಗಳಕ್ಕೇ ನಿಂತರು. ‘ನಮ್ಮನೇಲಿ ಮೂರು ತಲೆಮಾರಿನಿಂದ ಮೀನು ಮುಟ್ಟಿಲ್ಲ ಸ್ವಾಮಿ, ಇದು ಬೇರೆ ಯಾರದೋ ರಕ್ತ!’ ಅವರನ್ನು ಕೂರಿಸಿ ನೀರು ಕೊಟ್ಟು ವಿವರಿಸುವಷ್ಟರಲ್ಲಿ ಅರ್ಧ ಗಂಟೆ ಆಯಿತು. ಅಂದಿನಿಂದ ಈ ಹೆಸರಿನ ಕಥೆ ನನಗೆ ಬಾಯಿಪಾಠ.

ಸಾಲ್ಮನ್ ಎನ್ನುವುದು ಇಲ್ಲಿ ಒಬ್ಬ ಮನುಷ್ಯನ ಹೆಸರು. ಡೇನಿಯಲ್ ಎಲ್ಮರ್ ಸಾಲ್ಮನ್, ಅಮೆರಿಕದ ಪಶುವೈದ್ಯ. 1850ರಲ್ಲಿ ಹುಟ್ಟಿ 1914ರಲ್ಲಿ ತೀರಿಕೊಂಡವರು. ಅಮೆರಿಕ ಸರ್ಕಾರ 1884ರಲ್ಲಿ ಜಾನುವಾರುಗಳ ರೋಗ ನೋಡಿಕೊಳ್ಳಲು ಒಂದು ಇಲಾಖೆ ತೆರೆದಾಗ ಅದರ ಮೊದಲ ಮುಖ್ಯಸ್ಥರು ಇವರೇ. ಆಗ ಅಲ್ಲಿನ ಹಂದಿಗಳಿಗೆ ‘ಹಾಗ್ ಕಾಲರಾ’ ಎಂಬ ರೋಗ ಬಡಿದಿತ್ತು, ರೈತರು ಕಂಗಾಲಾಗಿದ್ದರು. ಸಾಲ್ಮನ್ ಕೈಕೆಳಗೆ ಥಿಯೋಬಾಲ್ಡ್ ಸ್ಮಿತ್ ಎಂಬ ಹುಡುಗ ಸೇರಿಕೊಂಡ. ಮೈಕ್ರೋಸ್ಕೋಪ್ ಮುಂದೆ ಕೂತು ರೋಗದ ಹಂದಿಗಳಿಂದ ಒಂದು ಬ್ಯಾಕ್ಟೀರಿಯಾ ಬೇರ್ಪಡಿಸಿದವನು ಅವನೇ. ವರ್ಷ 1885. ಪ್ರಬಂಧ ಹೊರಬಂದಾಗ ಮೊದಲ ಹೆಸರು ಮಾತ್ರ ಸಾಹೇಬರದು. ಇದನ್ನು ಓದುತ್ತಾ ನಮ್ಮ ಪಿಎಚ್‌ಡಿ ಹುಡುಗರು ನಿಟ್ಟುಸಿರು ಬಿಡುತ್ತಿರಬಹುದು.

ತಮಾಷೆ ಇನ್ನೂ ಇದೆ. ಆ ಬ್ಯಾಕ್ಟೀರಿಯಾ ಹಾಗ್ ಕಾಲರಾಕ್ಕೆ ಕಾರಣವೇ ಅಲ್ಲ! ಅದು ವೈರಸ್‌ನಿಂದ ಬರುವ ರೋಗ. ಬ್ಯಾಕ್ಟೀರಿಯಾ ಸೋರದಷ್ಟು ಸಣ್ಣ ರಂಧ್ರದ ಫಿಲ್ಟರ್‌ನಲ್ಲಿ ಸೋಸಿದ ಮೇಲೂ ಸೋಂಕು ದಾಟುತ್ತದೆ ಎಂದು 1903ರ ಹೊತ್ತಿಗೆ ಅದೇ ಇಲಾಖೆಯವರೇ ತೋರಿಸಿದರು. ಸ್ಮಿತ್ ಹಿಡಿದದ್ದು ಮೊದಲೇ ಸೊರಗಿದ ಹಂದಿಯೊಳಗೆ ಸಂದು ನೋಡಿ ಸೇರಿಕೊಂಡಿದ್ದ ಇನ್ನೊಬ್ಬ ಕಳ್ಳನನ್ನು. ಆದರೆ ಅಷ್ಟರೊಳಗೆ, 1900ರಲ್ಲಿ, ಲಿನ್ಯೇರ್ ಎಂಬ ಫ್ರೆಂಚ್ ವಿಜ್ಞಾನಿ ಸಾಲ್ಮನ್ ಗೌರವಕ್ಕೆಂದು ‘ಸಾಲ್ಮೊನೆಲ್ಲಾ’ ಎಂದು ಹೆಸರು ಸೂಚಿಸಿ ಆಗಿತ್ತು. ಕಂಡುಹಿಡಿಯದವನ ಹೆಸರು, ಅದು ಮಾಡದ ರೋಗದ ನೆಪದಲ್ಲಿ, ಆ ಕ್ರಿಮಿಗೆ ಅಂಟಿಕೊಂಡಿತು. ಸ್ಮಿತ್ ಬಗ್ಗೆ ಮರುಕ ಪಡಬೇಕಿಲ್ಲ ಬಿಡಿ. ದನಗಳ ಟೆಕ್ಸಾಸ್ ಜ್ವರ ರಕ್ತ ಹೀರುವ ಉಣ್ಣೆಹುಳದಿಂದ ಹರಡುತ್ತದೆ ಎಂದು ಮುಂದೆ ತೋರಿಸಿ ದೊಡ್ಡ ಹೆಸರು ಮಾಡಿದ.

ಕೊನೆಯಲ್ಲಿರುವ ‘ಎಲ್ಲಾ’ ಲ್ಯಾಟಿನ್ ಬಾಲ. ‘ಪುಟ್ಟ’ ಎನ್ನುವ ಅರ್ಥ ಕೊಡುತ್ತದೆ, ವ್ಯಾಕರಣದಲ್ಲಿ ಸ್ತ್ರೀಲಿಂಗ. ಒಬ್ಬರ ಹೆಸರಿಗೆ ಈ ಬಾಲ ಸೇರಿಸಿ ಕ್ರಿಮಿಗಳ ಕುಲಕ್ಕೆ ಹೆಸರಿಡುವುದು ಆ ಕಾಲದ ರೂಢಿ. ರಕ್ತಭೇದಿಯ ಶಿಗೆಲ್ಲಾ ಜಪಾನಿನ ಕಿಯೋಷಿ ಶಿಗಾ ಅವರಿಂದ ಬಂತು. ದನ, ಮೇಕೆಗಳಲ್ಲಿ ಗರ್ಭ ಕಳೆಯುವ ಬ್ರೂಸೆಲ್ಲಾ ಡೇವಿಡ್ ಬ್ರೂಸ್ ಅವರಿಂದ. ನಾಯಿಕೆಮ್ಮಿನ ಬೋರ್ಡೆಟೆಲ್ಲಾ ಜೂಲ್ ಬೋರ್ಡೆ ಅವರಿಂದ. ಗೌರವ ಅಂದರೆ ಹೀಗಿರುತ್ತದೆ ನೋಡಿ, ಜೀವಮಾನವೆಲ್ಲ ದುಡಿದರೆ ನಿಮ್ಮ ಹೆಸರು ಒಂದು ಭೇದಿಗೆ! ಉಚ್ಚಾರಣೆಯಲ್ಲೂ ಸಣ್ಣ ವ್ಯತ್ಯಾಸ ಇದೆ. ಇಂಗ್ಲಿಷ್‌ನಲ್ಲಿ ಮೀನಿನ ಹೆಸರು ಹೇಳುವಾಗ ‘ಲ್’ ನುಂಗಿ ‘ಸ್ಯಾಮನ್’ ಎನ್ನುತ್ತಾರೆ. ಸಾಲ್ಮೊನೆಲ್ಲಾದಲ್ಲಿ ‘ಲ್’ ಬಾಯಿತುಂಬಾ ಬರುತ್ತದೆ.

ಈಗ ನಿಮಗೆ ಬೇಕಾದ ಭಾಗ, ಬಳಕೆ.

ಸಾಲ್ಮೊನೆಲ್ಲಾ ಎನ್ನುವುದು ಒಂದು ಮನೆತನದ ಹೆಸರು ಎಂದುಕೊಳ್ಳಿ. ಇದಕ್ಕೆ ಪಠ್ಯಪುಸ್ತಕಗಳಲ್ಲಿ ಒಬ್ಬರು ಕುಲ ಎನ್ನುತ್ತಾರೆ, ಇನ್ನೊಬ್ಬರು ಜಾತಿ ಎನ್ನುತ್ತಾರೆ. ಲ್ಯಾಬ್‌ನಲ್ಲಿ ನಾವು ಸುಮ್ನೆ ಜೀನಸ್ ಎನ್ನುತ್ತೇವೆ. ಈ ಮನೆತನದಲ್ಲಿ ಕವಲು ಎರಡೇ. ಒಂದು ಎಂಟರಿಕಾ, ಅಂದರೆ ಕರುಳಿನದು. ಇನ್ನೊಂದು ಬೊಂಗೋರಿ, ಆಫ್ರಿಕಾದ ಚಾಡ್ ದೇಶದ ಬೊಂಗೋರ್ ಎಂಬ ಊರಿನಲ್ಲಿ ಹಲ್ಲಿಯೊಂದರಲ್ಲಿ ಸಿಕ್ಕದ್ದು. ಬೊಂಗೋರಿಯನ್ನು ಮರೆತುಬಿಡಿ. ಮನುಷ್ಯರಿಗೆ ತೊಂದರೆ ಕೊಡುವವು ಹೆಚ್ಚುಕಮ್ಮಿ ಎಲ್ಲವೂ ಎಂಟರಿಕಾ ಕವಲಿನವು. ಅದರೊಳಗೆ ಮತ್ತೆ ಸೆರೋವಾರ್ ಎಂಬ ಸಣ್ಣ ಗುಂಪುಗಳು. ಮನೆತನದ ಒಟ್ಟು ಸೆರೋವಾರ್ ಲೆಕ್ಕ 2,500 ದಾಟುತ್ತದೆ. ಟೈಫಿ ಅದರಲ್ಲಿ ಒಂದು. ಮೊಟ್ಟೆ, ಕೋಳಿಯ ಸುದ್ದಿಯಲ್ಲಿ ಬರುವ ಎಂಟರಿಟಿಡಿಸ್ ಇನ್ನೊಂದು, ಟೈಫಿಮ್ಯೂರಿಯಂ ಮತ್ತೊಂದು. ಮನೆತನ ಒಂದೇ, ಗುಣ ಬೇರೆ. ಎಂಟರಿಟಿಡಿಸ್ ಸಾಮಾನ್ಯವಾಗಿ ಕರುಳಲ್ಲೇ ಗಲಾಟೆ ಮಾಡಿ ಕೆಲವು ದಿನದಲ್ಲಿ ಹೋಗುತ್ತದೆ: ವಾಂತಿ, ಭೇದಿ, ಜ್ವರ. ಟೈಫಿ ಕರುಳು ದಾಟಿ ರಕ್ತಕ್ಕೆ ಇಳಿಯುತ್ತದೆ, ದಿನದಿನಕ್ಕೂ ಏರುವ ಜ್ವರ ತರುತ್ತದೆ. ಇನ್ನೊಂದು ವ್ಯತ್ಯಾಸ, ಟೈಫಿ ಇರುವುದು ಮನುಷ್ಯರಲ್ಲಿ ಮಾತ್ರ. ಕೋಳಿಯಲ್ಲೂ ಇಲ್ಲ, ಹಂದಿಯಲ್ಲೂ ಇಲ್ಲ. ಅದನ್ನು ಹೊತ್ತ ಒಬ್ಬರ ಮಲ ನೀರಿಗೋ ಊಟಕ್ಕೋ ಸೇರಿ ಇನ್ನೊಬ್ಬರ ಬಾಯಿಗೆ ಹೋಗಬೇಕು. ಹಾಗಾಗಿ ನೆಟ್‌ನಲ್ಲಿ ನೀವು ಓದಿದ್ದು ಸುಳ್ಳಲ್ಲ, ಅದು ಅಮ್ಮನ ಕಾಯಿಲೆಯ ದಾಯಾದಿಗಳ ಕಥೆ. ರಿಪೋರ್ಟ್‌ನಲ್ಲಿ ಮೊದಲ ಪದ ಬರೀ ಮನೆತನ. ಕಣ್ಣಿಡಬೇಕಾದ್ದು ಕೊನೆಯ ಪದದ ಮೇಲೆ.

ಆ ಕೊನೆಯ ಪದಗಳೇ ನನಗೆ ಜಾಸ್ತಿ ಇಷ್ಟ. ಮೊದಮೊದಲು ರೋಗದ ಮೇಲೋ ಪ್ರಾಣಿಯ ಮೇಲೋ ಹೆಸರಿಡುತ್ತಿದ್ದರು. ಗ್ಯಾಲಿನೇರಮ್ ಅಂದರೆ ಕೋಳಿಗಳದು, ಟೈಫಿಮ್ಯೂರಿಯಂ ಅಂದರೆ ಇಲಿಗಳ ಟೈಫಾಯ್ಡ್‌ನದು. ಆಮೇಲೆ ಗೊತ್ತಾಯಿತು, ಇಲಿಯದು ಎಂದದ್ದು ಮನುಷ್ಯರಲ್ಲೂ ಕೋಳಿಯಲ್ಲೂ ಧಾರಾಳವಾಗಿ ಸಿಗುತ್ತಿದೆ. ಈ ರಗಳೆಯೇ ಬೇಡ ಎಂದು ಮೊದಲು ಸಿಕ್ಕ ಊರಿನ ಹೆಸರಿಡಲು ಶುರು ಮಾಡಿದರು. ಲಂಡನ್, ಡಬ್ಲಿನ್, ಹೈಡಲ್‌ಬರ್ಗ್, ಪನಾಮಾ, ಮಾಂಟೆವಿಡಿಯೋ ಎಲ್ಲವೂ ಸಾಲ್ಮೊನೆಲ್ಲಾಗಳೇ. ನಮ್ಮ ದೇಶದ ಬರೇಲಿಯೂ ಇದೆ. ನಮ್ಮಲ್ಲಿ ಊರು ಇನಿಷಿಯಲ್ ಆಗಿ ಮುಂದೆ ನಿಲ್ಲುತ್ತದೆ, ಕುಪ್ಪಳಿ ವೆಂಕಟಪ್ಪ ಪುಟ್ಟಪ್ಪ ಎಂಬ ಹಾಗೆ. ಇಲ್ಲಿ ಊರು ಕೊನೆಗೆ. ನೀವು ಕೇಳಿದ ಮೀನೂ ಒಂದು ಸಲ ಹತ್ತಿರ ಬಂದಿತ್ತು. 2012ರಲ್ಲಿ ಅಮೆರಿಕದಲ್ಲಿ 425 ಜನ ಸಾಲ್ಮೊನೆಲ್ಲಾದಿಂದ ಕಾಯಿಲೆ ಬಿದ್ದರು. ಹುಡುಕುತ್ತಾ ಹೋದರೆ ಭಾರತದಿಂದ ಕಳಿಸಿದ್ದ ಹಸಿ ಮೀನು. ಸೆರೋವಾರ್ ಬಹುಪಾಲು ಬರೇಲಿಯೇ. ಆದರೆ ಮೀನು ಮಾತ್ರ ಟ್ಯೂನಾ, ಸಾಲ್ಮನ್ ಅಲ್ಲ!

ಹಾಗಾದರೆ ‘ಎಸ್. ಟೈಫಿ’ ತಪ್ಪಾ? ಅದು ಹಳೆಯ ಪದ್ಧತಿ. ಹಿಂದೆ ಪ್ರತಿ ಸೆರೋವಾರ್ ಕೂಡ ಬೇರೆಯೇ ಪ್ರಭೇದ (ನಾನು ಮೇಲೆ ಕವಲು ಎಂದದ್ದು) ಎಂದುಕೊಂಡಿದ್ದರು. ಹಾಗಾಗಿ ಇಂಗ್ಲಿಷ್‌ನಲ್ಲಿ ಟೈಫಿಯನ್ನು ಸಣ್ಣ ‘ಟಿ’ ಹಾಕಿ ಓರೆ ಅಕ್ಷರದಲ್ಲಿ ಬರೆಯುತ್ತಿದ್ದರು. ಹೆಚ್ಚುಕಮ್ಮಿ ಎಲ್ಲವೂ ಒಂದೇ ಪ್ರಭೇದ ಎಂದು ಗೊತ್ತಾದ ಮೇಲೆ 1987ರಲ್ಲಿ ಎಂಟರಿಕಾ ಎಂಬ ಒಂದೇ ಹೆಸರು ಸಾಕು ಎಂದು ಸೂಚನೆ ಬಂತು. ಹೆಸರುಗಳ ಪಂಚಾಯಿತಿ ಮಾಡುವ ಅಂತರರಾಷ್ಟ್ರೀಯ ಆಯೋಗ ಅದನ್ನು ತಕ್ಷಣ ಒಪ್ಪಲಿಲ್ಲ. ಅವರ ಭಯಗಳಲ್ಲಿ ಒಂದು ಇದು: ರಿಪೋರ್ಟ್‌ನಲ್ಲಿ ಬರೀ ‘ಸಾಲ್ಮೊನೆಲ್ಲಾ ಎಂಟರಿಕಾ’ ಎಂದು ಬಂದುಬಿಟ್ಟರೆ ಡಾಕ್ಟರ್ ಕಣ್ಣಿಗೆ ಟೈಫಾಯ್ಡ್ ತಪ್ಪಿಹೋಗಬಹುದು. ನ್ಯಾಯವಾದ ಭಯ. ಕೊನೆಗೆ ಅಧಿಕೃತವಾಗಿ ಒಪ್ಪಿದ್ದು 2005ರಲ್ಲಿ. ಈಗಿನ ರೂಢಿಯಲ್ಲಿ ಸಾಲ್ಮೊನೆಲ್ಲಾ ಓರೆ ಅಕ್ಷರ, ಮೊದಲಕ್ಷರ ದೊಡ್ಡದು. ಎಂಟರಿಕಾ ಓರೆ, ಎಲ್ಲ ಸಣ್ಣಕ್ಷರ. ಟೈಫಿ ನೆಟ್ಟಗೆ, ದೊಡ್ಡ ‘ಟಿ’. ಹಳೆಯ ಕಿಟ್ ಡಬ್ಬಿಗಳ ಮೇಲೆ, ಅದನ್ನು ನೋಡಿ ಟೈಪ್ ಮಾಡಿದ ರಿಪೋರ್ಟ್‌ಗಳಲ್ಲಿ ಹಳೆಯದೇ ಉಳಿದಿದೆ. ರೋಗಿಗೆ ಅದರಿಂದ ನಷ್ಟವಿಲ್ಲ.

ನಷ್ಟ ಇರುವುದು ಕೊನೆಯ ಪದವೇ ಇಲ್ಲದಾಗ. ನಾನು ಕೆಲಸ ಮಾಡಿದ ಒಂದು ಕಡೆ ಆ್ಯಂಟಿಸೀರಮ್ (ಸೆರೋವಾರ್ ಗುರುತಿಸಲು ಬಳಸುವ ದ್ರವ) ಮುಗಿದುಹೋಗಿ ತಿಂಗಳುಗಟ್ಟಲೆ ‘ಸಾಲ್ಮೊನೆಲ್ಲಾ ಸ್ಪೀಷೀಸ್’ ಎಂದಷ್ಟೇ ಬರೆದು ಕಳಿಸುತ್ತಿದ್ದೆವು. ಬರೆದವರಲ್ಲಿ ನಾನೂ ಒಬ್ಬ. ಅದು ‘ಗೌಡರ ಮನೆಯವರು ಯಾರೋ ಬಂದಿದ್ದರು’ ಎಂದ ಹಾಗೆ, ಯಾರು ಎಂದು ಗೊತ್ತಾಗಲ್ಲ. ಕೊನೆಯ ಪದ ತಿಳಿಯುವ ಕೆಲಸ ನೋಡಲು ಚೆಂದ. ಗಾಜಿನ ಸ್ಲೈಡ್ ಮೇಲೆ ಒಂದು ಹನಿ ಸಲೈನ್, ಅದರಲ್ಲಿ ಕ್ರಿಮಿ ಬೆಳೆಸಿದ ಪ್ಲೇಟ್‌ನಿಂದ ಎತ್ತಿದ ಚೂರು ಬ್ಯಾಕ್ಟೀರಿಯಾ, ಮೇಲೆ ಒಂದು ಹನಿ ಆ್ಯಂಟಿಸೀರಮ್. ಸ್ಲೈಡನ್ನು ಹಾಗೇ ತೂಗಿದರೆ, ಸರಿಹೊಂದಿದಾಗ ಹಾಲು ಒಡೆದ ಹಾಗೆ ಕಾಳುಕಾಳಾಗುತ್ತದೆ. ಓ-9 ಸೀರಮ್‌ಗೆ ಒಡೆದರೆ ಟೈಫಿ ಇರಬಹುದು, ಎಂಟರಿಟಿಡಿಸ್ ಕೂಡ ಇರಬಹುದು, ಎರಡರ ಮೈಮೇಲೂ ಅದೇ ಗುರುತು. ಎಚ್-ಡಿ ಸೀರಮ್‌ಗೂ ಒಡೆದಾಗಲೇ ಟೈಫಿ ಎನ್ನುವ ಧೈರ್ಯ ಬರುವುದು.

ಈ ಓ, ಎಚ್ ಅಕ್ಷರಗಳೇ ನಿಮ್ಮ ವಿಡಾಲ್ ಕಾಗದದ ಟಿಓ, ಟಿಎಚ್, ಎಎಚ್, ಬಿಎಚ್‌ನಲ್ಲಿ ಇರುವುದು. ಮೊದಲ ಅಕ್ಷರ ಟೈಫಿ, ಪ್ಯಾರಾಟೈಫಿ ಎ, ಪ್ಯಾರಾಟೈಫಿ ಬಿ. ಎರಡನೆಯದು ಜರ್ಮನ್. ಪ್ರೋಟಿಯಸ್ ಎಂಬ ಬೇರೊಂದು ಬ್ಯಾಕ್ಟೀರಿಯಾ ಪ್ಲೇಟ್ ಮೇಲೆ ಈಜಿಕೊಂಡು ಹರಡಿದಾಗ, ಕನ್ನಡಿಗೆ ಬಾಯಿಂದ ಉಸಿರು ಬಿಟ್ಟರೆ ಮಬ್ಬಾಗುತ್ತಲ್ಲ, ಹಾಗೆ ಒಂದು ಪದರ ಕಾಣುತ್ತಿತ್ತು. ಜರ್ಮನ್‌ನಲ್ಲಿ ಅಂಥ ಉಸಿರಿಗೆ ‘ಹೌಖ್’. ಈಜುಬಾಲ ಇದ್ದದ್ದು ಎಚ್ ಆಯಿತು. ಬಾಲ ಇಲ್ಲದ್ದು ‘ಓನೆ ಹೌಖ್’, ಉಸಿರಿಲ್ಲದ್ದು, ಅದು ಓ. ದಾವಣಗೆರೆಯ ಲ್ಯಾಬಿನ ಚೀಟಿಯಲ್ಲೂ ಆ ಜರ್ಮನ್ ಉಸಿರು ಕೂತಿದೆ. ಒಂದು ಎಚ್ಚರ: ವಿಡಾಲ್ ಕ್ರಿಮಿಯನ್ನು ಹಿಡಿಯುವುದಿಲ್ಲ, ಅದರ ವಿರುದ್ಧ ಮೈ ತಯಾರಿಸಿದ ಪ್ರತಿಕಾಯವನ್ನು ಅಳೆಯುತ್ತದೆ. ಹಿಂದೆಂದೋ ಬಂದಿದ್ದ ಟೈಫಾಯ್ಡ್, ಹಾಕಿಸಿಕೊಂಡ ಲಸಿಕೆ, ಅದೇ ಗುರುತಿನ ದಾಯಾದಿ ಕ್ರಿಮಿ, ಯಾವುದರಿಂದಲೂ ಅಂಕಿ ಏರಬಹುದು. ಅಮ್ಮನ ವಿಷಯದಲ್ಲಿ ಕಲ್ಚರ್‌ನಲ್ಲೇ ಕ್ರಿಮಿ ಬೆಳೆದಿರುವುದರಿಂದ ವಿಡಾಲ್ ಅಂಕಿ ಹಿಡಿದುಕೊಂಡು ತಲೆ ಕೆಡಿಸಿಕೊಳ್ಳಬೇಡಿ.

ಟೈಫಿ ಪದದ ಅರ್ಥವನ್ನೂ ಹೇಳಿಬಿಡುತ್ತೇನೆ. ಗ್ರೀಕ್‌ನಲ್ಲಿ ‘ಟೈಫೋಸ್’ ಅಂದರೆ ಹೊಗೆ, ಮಬ್ಬು. ಜ್ವರ ಏರಿದವರು ಮಂಕು ಕವಿದು ಬಡಬಡಿಸುತ್ತಾರಲ್ಲ, ಅದಕ್ಕೆ. ಟೈಫಸ್ ಎಂಬ ಬೇರೆ ಜ್ವರಕ್ಕೆ ಆ ಹೆಸರು ಮೊದಲು ಬಂತು. ಅದರಂತೆ ಕಾಣುವುದು ಟೈಫಾಯ್ಡ್. ನಮ್ಮ ವಿಷಮಶೀತಜ್ವರ ಎನ್ನುವ ಪದ ಫಲಕಗಳ ಮೇಲೆ ಚೆನ್ನಾಗಿ ಕಾಣುತ್ತದೆ. ಮನೆಯಲ್ಲಿ ಹಾಗೆ ಅಂದವರನ್ನು ನಾನು ಕಂಡಿಲ್ಲ.

ಕನ್ನಡದಲ್ಲಿ ಬರೆಯುವಾಗ ದೊಡ್ಡಕ್ಷರವೂ ಇಲ್ಲ, ಓರೆಯೂ ರೂಢಿಯಲ್ಲಿಲ್ಲ. ನಾನು ‘ಸಾಲ್ಮೊನೆಲ್ಲಾ ಟೈಫಿ’ ಎಂದು ಪೂರ್ತಿ ಬರೆಯುತ್ತೇನೆ. ‘ಎಸ್.’ ಎಂದು ಮೊಟಕು ಮಾಡುವುದಿಲ್ಲ, ಯಾಕೆಂದರೆ ಸ್ಟ್ಯಾಫಿಲೋಕಾಕಸ್, ಸ್ಟ್ರೆಪ್ಟೋಕಾಕಸ್, ಶಿಗೆಲ್ಲಾ ಎಲ್ಲರೂ ಇಂಗ್ಲಿಷ್‌ನಲ್ಲಿ ಎಸ್ ಮನೆಯವರೇ.

ಈಗ ಆ ಕಲ್ಚರ್ ರಿಪೋರ್ಟನ್ನು ಮತ್ತೆ ತೆಗೆದು ಹೆಸರಿನ ಕೆಳಗೆ ನೋಡಿ. ಔಷಧಿಗಳ ಪಟ್ಟಿ, ಒಂದೊಂದರ ಮುಂದೆ ಎಸ್, ಐ ಅಥವಾ ಆರ್ ಇರುತ್ತದೆ. ಸಿಪ್ರೋಫ್ಲಾಕ್ಸಾಸಿನ್ ಮುಂದೆ ಆರ್ (ರೆಸಿಸ್ಟೆಂಟ್, ಅಂದರೆ ಆ ಔಷಧಿಗೆ ಕ್ರಿಮಿ ಬಗ್ಗದು) ಇದ್ದರೆ ಗಾಬರಿಯಾಗಬೇಡಿ, ನಮ್ಮ ದೇಶದ ಟೈಫಿಗೆ ಅದು ಈಗ ಮಾಮೂಲು. ಸೆಫ್ಟ್ರಯಾಕ್ಸೋನ್, ಅಜಿತ್ರೋಮೈಸಿನ್ ಮುಂದೆ ಏನಿದೆ ಎಂದು ನೋಡಿ, ಆ ಹಾಳೆಯನ್ನೇ ಡಾಕ್ಟರಿಗೆ ತೋರಿಸಿ. ಹಾಂ, ಆ ಸಾಲಿನಲ್ಲಿರುವ ಎಸ್ ಸಾಲ್ಮೊನೆಲ್ಲಾ ಅಲ್ಲ. ಸೆನ್ಸಿಟಿವ್, ಅಂದರೆ ಆ ಔಷಧಿಗೆ ಕ್ರಿಮಿ ಸಾಯುತ್ತದೆ ಎಂದು.